ಖಣದ ಮಡಿಕೆಯಲ್ಲಿದ್ದ ಬಾವಿ

ಗೋಕಾಕದ ನನ್ನ ಹೊಲಿಗೆ ಅಂಗಡಿಗೆ ಏನೇನೋ ರಿಪೇರಿಗೆ ಬರುತ್ತದೆ. ಮಕ್ಕಳ ಹರಿದ ಸಾಲಿಚೀಲ, ಕಿತ್ತುಹೋದ ಛತ್ರಿ, ಒಮ್ಮೆ ಯಾರದೋ ಎತ್ತಿನ ಬೆನ್ನಿಗೆ ಹೊದಿಸುವ ಜೂಲವೂ ಬಂದಿತ್ತು. ಕಣ್ಣಿಗೆ ಕಟ್ಟಿಕೊಳ್ಳುವ ಆ ಕರಿ ಡಬ್ಬಿ ಬಂದ ದಿನ ಮಾತ್ರ ಅದು ಯಾವುದೋ ಹೆಲ್ಮೆಟ್ಟಿನ ಮುರಿದ ಭಾಗ ಅಂದುಕೊಂಡೆ. ತಂದವನು ಫಾಲ್ಸಿನ ದಾರಿಯಲ್ಲಿ ಅಂಗಡಿ ಇಟ್ಟಿದ್ದ ಭಾಯಿ. ಮೊದಲು ಅವನದು ಫೋಟೋ ಸ್ಟುಡಿಯೋ. ಎಲ್ಲರ ಕೈಗೂ ಕ್ಯಾಮೆರಾದ ಫೋನು ಬಂದ ಮೇಲೆ ಅದನ್ನು ಮುಚ್ಚಿ, ನೀರು ನೋಡಲು ಬಂದವರಿಗೆ ಈ ಡಬ್ಬಿ ಕಟ್ಟಿ ಆಟ ಆಡಿಸುತ್ತಿದ್ದ. ಊರೂರಿನ ತಲೆಗಳಿಗೆ ಹಿಗ್ಗಿ ಹಿಗ್ಗಿ ಅದರ ಪಟ್ಟಿ ಹರಿದಿತ್ತು.

“ಅಕ್ಕಾರ, ಹೊಸಾ ಇಲಾಸ್ಟಿಕ್ ಹಾಕಿ ಕೊಡ್ರಿ. ಇದರಾಗ ಕಣ್ಣಿಟ್ರ ಸಮುದ್ರದ ತಳಾನ ಕಾಣತೈತಿ,” ಅಂದ.

ಹೊಲಿದೆ. ಕುಪ್ಪಸವಾದರೂ ಸರಿ, ಕಣ್ಣಿನ ಡಬ್ಬಿಯಾದರೂ ಸರಿ, ಅಳತೆ ನೋಡದೆ ಕೊಡುವವಳಲ್ಲ ನಾನು. ಹಾಗಾಗಿ ಮರುದಿನ ಅವನ ಅಂಗಡಿಗೇ ಹೋಗಿ ತಲೆಗೆ ಹಾಕಿಕೊಂಡು ನೋಡಿದೆ. ಸುತ್ತ ನೀಲಿ ನೀರು, ಮೇಲೆ ಎಲ್ಲೋ ತೇಲುವ ಬಿಸಿಲು. ಹೆದರಿಕೆಗೆ ಕಿರುಚಿ ಕಿತ್ತು ತೆಗೆದೆ. ನೀರೆಂದರೆ ನನಗೆ ಭಯ. ನದಿಯ ದಂಡೆಯಲ್ಲಿದ್ದೂ ಪಾದ ಮುಳುಗುವಷ್ಟು ನೀರಿಗಿಂತ ಮುಂದೆ ಹೋದವಳಲ್ಲ.

ಮುಂದೆ ಭಾಯಿ ಆ ಆಟ ಬಿಟ್ಟು ಮದುವೆಗಳಿಗೆ ಪೆಂಡಾಲ್ ಹಾಕುವ ಕೆಲಸಕ್ಕಿಳಿದ. ಅವನ ಮಗಳ ಮದುವೆಯ ಬಟ್ಟೆಯನ್ನೆಲ್ಲ ನಾನೇ ಹೊಲಿದುಕೊಟ್ಟೆ. ಬದಲಿಗೆ ಆ ಡಬ್ಬಿ, ಟಿವಿಗೆ ಜೋಡಿಸುವ ಅದರ ಪೆಟ್ಟಿಗೆ, ಕೈಯಲ್ಲಿ ಹಿಡಿಯುವ ಎರಡು ಕೋಲು ನಮ್ಮ ಮನೆಗೆ ಬಂದವು. ಯಾಕೆ ಬೇಕಂದೆ ಅಂತ ಎಲ್ಲರೂ ಕೇಳಿದರು. ಅವ್ವನ ಸಲುವಾಗಿ ಬೇಕಂದಿದ್ದೆ.

ಅವ್ವನ ತವರೂರು ಹಿಡಕಲ್ಲಿನ ಜಲಾಶಯದ ಅಡಿಗಿದೆ. ನಾನು ಹುಟ್ಟುವ ಹೊತ್ತಿಗೇ ಅದು ಮುಳುಗಿತ್ತು. ಅಲ್ಲಿ ಮೆಟ್ಟಿಲಿದ್ದ ಒಂದು ಬಾವಿ, ಆ ಬಾವಿಯಲ್ಲಿ ಊರ ಹುಡುಗಿಯರಿಗೆಲ್ಲ ಈಜು ಕಲಿಸಿದವಳು ನನ್ನ ಅವ್ವ. ಬೆನ್ನಿಗೆ ಒಣಗಿದ ಸೋರೆ ಬುರುಡೆ ಕಟ್ಟಿ, ಹೊಟ್ಟೆಯ ಕೆಳಗೆ ಅಂಗೈ ಕೊಟ್ಟು ತೇಲಿಸುತ್ತಿದ್ದಳಂತೆ. ಬೇರೆಯವರು ಗೊತ್ತಾಗದ ಹಾಗೆ ಕೈ ಬಿಡುತ್ತಿದ್ದರು. ಅವ್ವ ಹಾಗೆ ಮಾಡುತ್ತಿರಲಿಲ್ಲ. “ಹೇಳಿ ಬಿಡಬೇಕ ನೋಡು. ಹೇಳದ ಬಿಟ್ರ ಹುಡಿಗ್ಯಾರು ನೀರಿಗೆ ಅಂಜೂದಿಲ್ಲ, ನಮಗ ಅಂಜತಾರ,” ಅನ್ನುತ್ತಿದ್ದಳು. ಆ ಕಥೆ ಪ್ರತಿ ಸಲವೂ ಒಂದೇ ಕಡೆ ಬಂದು ನಿಲ್ಲುತ್ತಿತ್ತು: “ಊರ ಹುಡಿಗ್ಯಾರಿಗೆಲ್ಲ ಕಲಿಸಿದೆ, ಹೊಟ್ಟ್ಯಾಗ ಹುಟ್ಟಿದಾಕಿಗೆ ಕಲಸಲಿಲ್ಲ.” ನನಗೆ ಸಿಟ್ಟು ಬರುತ್ತಿತ್ತು. ಕನ್ನಡಕ ಹಾಕಿ ಸೂಜಿಗೆ ದಾರ ಪೋಣಿಸುವ ವಯಸ್ಸಿನಲ್ಲಿ ಯಾರು ಈಜು ಕಲಿಯುತ್ತಾರೆ?

ಮೊಣಕಾಲಿನ ಆಪರೇಷನ್ ಆದ ಮೇಲೆ ಅವ್ವ ನಮ್ಮಲ್ಲೇ ಇದ್ದಾಳೆ. ಆಷಾಢದ ಒಂದು ಮಧ್ಯಾಹ್ನ ಅವಳನ್ನು ಸ್ಟೂಲಿನ ಮೇಲೆ ಕೂರಿಸಿ ಡಬ್ಬಿ ಕಟ್ಟಿದೆ. ಆ ನೀರಿನ ಆಟದ ಪುಕ್ಕಟೆ ತುಣುಕೊಂದು ಅದರಲ್ಲಿತ್ತು. ಅವಳು ಕಾಣುವುದೆಲ್ಲ ನನಗೆ ಟಿವಿಯಲ್ಲಿ ಕಾಣುತ್ತಿತ್ತು. ಮೀನಿನ ಹಿಂಡು ಬಂದು ಎರಡಾಗಿ ಒಡೆದು ಅವಳ ಎರಡೂ ಬದಿಯಿಂದ ಹಾದುಹೋಯಿತು. ಅವ್ವ ಹೆದರಲಿಲ್ಲ. ಅವಳ ತೋಳುಗಳು ತಾವಾಗಿ ತೆರೆದು, ಹಿಂದಕ್ಕೆ ಹೋಗಿ, ಮತ್ತೆ ಕೂಡಿದವು. ನೀರು ಕಪ್ಪಾಗುವಲ್ಲಿ ಕಲ್ಲಿನ ಮೆಟ್ಟಿಲುಗಳು ಕಂಡವು. ಅವು ಕೆಳಗಿಳಿದು ಬಲಕ್ಕೆ ತಿರುಗಿದ್ದವು. ಅವ್ವ ಮೊದಲ ಮೆಟ್ಟಿಲಿಗೆ ಬಂದಳೋ ಇಲ್ಲವೋ, ಎಲ್ಲ ಬೂದಿಬಣ್ಣವಾಗಿ, ಮುಂದೆ ಹೋಗಲು ಪೂರ್ತಿ ಆಟ ಬೇಕೆಂಬ ಬರಹ ಬಂತು.

“ಬಾಗಲಾ ಹಾಕ್ಯಾರಲ್ಲ!” ಅಂದಳು. “ನಮ್ಮ ಬಾವಿ ಮೆಟ್ಟಲಾನೂ ಹಿಂಗ ಬಲಕ್ಕ ಹೊಳ್ಳತಿದ್ದವು. ಬಾಗಲಾ ತಗಸು. ಒಳಗ ಹೋಗಿ ನಿನಗೂ ಕಲಸತೇನಿ.”

ಅಂದಿನಿಂದ ಅದೇ ಗುಂಗು. ದಿನಾ ಬೆಳಿಗ್ಗೆ ಚಹಾದ ಕಪ್ಪು ಕೈಗೆ ಬರುವ ಮೊದಲೇ “ಬಾಗಲಾ ತಗದಾರೇನು?” ಅಂತ ಕೇಳುತ್ತಿದ್ದಳು. ಭಾಯಿಯನ್ನು ಹಿಡಿದೆ. ಆ ಆಟವನ್ನು ಕಂಪನಿಯವರು ಮಾರಾಟದಿಂದ ತೆಗೆದುಬಿಟ್ಟಿದ್ದಾರೆ, ಈಗ ದುಡ್ಡು ಕೊಟ್ಟರೂ ಸಿಗುವುದಿಲ್ಲ ಅಂದ. ಆದರೆ ಮೊದಲು ಡಬ್ಬಿಗಳ ಜೊತೆ ಕೋಡಿನ ಚೀಟಿ ಕೊಡುತ್ತಿದ್ದರಂತೆ. ಅಂಥ ಚೀಟಿ ಇದ್ದವರು ಅದರ ನಂಬರು ಒತ್ತಿ ಈಗಲೂ ಆಟ ಇಳಿಸಿಕೊಳ್ಳಬಹುದು. ಅವನು ಅಟ್ಟ ಹತ್ತಿ, ಹಳೆಯ ರಟ್ಟಿನ ಖೋಕಾಗಳನ್ನೆಲ್ಲ ಕೊಡವಿ, ವಾರದ ಮೇಲೆ ಒಂದು ಚೀಟಿ ತಂದ. ಹೆಬ್ಬೆರಳು ಅಗಲ, ಮೇಲೆ ಬೆಳ್ಳಿಬಣ್ಣದ ಪಟ್ಟಿ.

“ಇದೊಂದ ಉಳದಿತ್ತರಿ. ಒಂದ ಸಲ ಅಷ್ಟ ನಡಿತೈತಿ. ದೀಪಾವಳಿ ಒಳಗ ಹಾಕ್ರಿ, ಆಮ್ಯಾಲ ಇದು ರದ್ದಿ.”

ಅವತ್ತೇ ಹಾಕುತ್ತಿದ್ದೆ. ಆದರೆ ನಮ್ಮ ಮನೆಗೆ ಇಂಟರ್ನೆಟ್ಟಿನ ವೈರು ಎಳೆಯಬೇಕಾದವನು “ನಾಳೆ ಬರತೇನ್ರಿ” ಅನ್ನುತ್ತ ತಿಂಗಳು ನೂಕುತ್ತಿದ್ದ. ಚೀಟಿ ಎಲ್ಲಿಡುವುದು? ಹೊಲಿಗೆಯವರಿಗೆ ಬಟ್ಟೆಯ ಮಡಿಕೆಗಿಂತ ಭದ್ರವಾದ ತಿಜೋರಿ ಇಲ್ಲ. ಟ್ರಂಕಿನಲ್ಲಿದ್ದ ಕುಪ್ಪಸದ ಹಸಿರು ಖಣದ ಎರಡನೆಯ ಮಡಿಕೆಯಲ್ಲಿ ಇಟ್ಟೆ, ಅವ್ವನಿಗೆ ಹೇಳಲು ಮರೆತೆ.

ಇಲ್ಲಿ ಒಂದು ಮಾತು ಹೇಳಬೇಕು. ನಮ್ಮ ಕಡೆ ಮನೆಗೆ ಬಂದ ಹೆಣ್ಣುಮಗಳನ್ನು ಬರಿಗೈಯಲ್ಲಿ ಕಳಿಸುವುದಿಲ್ಲ. ಸೆರಗಿನಲ್ಲಿ ಅಕ್ಕಿ, ಕೊಬ್ಬರಿ, ಒಂದು ಕುಪ್ಪಸದ ಖಣ ಹಾಕಿ ಉಡಿ ತುಂಬಿ ಕಳಿಸುತ್ತಾರೆ. ಆ ಖಣವನ್ನು ಯಾರೂ ಹೊಲಿಸುವುದಿಲ್ಲ. ಮಡಿಕೆ ಕೂಡ ಬಿಚ್ಚದೆ ಮುಂದಿನವರ ಉಡಿಗೆ ಹಾಕುತ್ತಾರೆ. ಹೊಲಿಗೆಯವಳ ಹೊಟ್ಟೆಯ ಮೇಲೆ ಹೊಡೆಯಲೆಂದೇ ಹುಟ್ಟಿದ ಪದ್ಧತಿ! ಒಂದು ಖಣ ಹುಕ್ಕೇರಿಯಲ್ಲಿ ಹೊರಟು, ಮೂರು ತಾಲ್ಲೂಕು ತಿರುಗಿ, ಬಣ್ಣ ಮಾಸಿ ಮತ್ತೆ ಮೊದಲಿನ ಮನೆಗೇ ಬಂದದ್ದನ್ನು ನಾನು ಕಂಡಿದ್ದೇನೆ. ಇದು ಎಲ್ಲರಿಗೂ ಗೊತ್ತು, ಬಾಯಿಬಿಟ್ಟು ಹೇಳುವವರು ಯಾರೂ ಇಲ್ಲ.

ಮಹಾನವಮಿಯ ಹೊತ್ತಿಗೆ ವೈರಿನವನ “ನಾಳೆ” ಕೊನೆಗೂ ಬಂತು. ಅವನು ಏಣಿ ಇಳಿಯುವ ಮೊದಲೇ ನಾನು ಟ್ರಂಕು ತೆರೆದೆ. ಹಸಿರು ಖಣ ಇರಲಿಲ್ಲ.

“ಅದನ್ನ ನಿಮ್ಮ ಚಿಗವ್ವನ ಉಡ್ಯಾಗ ಹಾಕಿದ್ನೆಲ್ಲ, ಪಂಚಮಿಗೆ ಬಂದಾಗ,” ಅಂದಳು ಅವ್ವ. ಚಿಗವ್ವ ಅಂದರೆ ಹುಕ್ಕೇರಿಯಲ್ಲಿರುವ ಅವಳ ತಂಗಿ. ಅಪ್ಪ ತೀರಿದ ಮೇಲೂ ಅವ್ವ ಉಡಿ ತುಂಬುವುದನ್ನು ಬಿಟ್ಟಿಲ್ಲ. ಶರಣರ ಮನೆತನದವರು ನಾವು, ನಮಗೆ ಆ ಭೇದ ಇಲ್ಲ ಅನ್ನುತ್ತಾಳೆ. ಮಡಿಕೆಯಲ್ಲಿ ಏನಿತ್ತೆಂದು ಹೇಳಿದೆ. ಅವಳ ಮುಖ ಇಳಿಯಿತು. “ಉಡಿ ತುಂಬಿದ್ದನ್ನ ತಿರುಗಿ ಕೇಳಬಾರದು. ಹೋಗ್ಲಿ ಬಿಡು,” ಅಂದಳು. ಮರುದಿನ ಬೆಳಿಗ್ಗೆ ಬಾಗಿಲಿನ ಮಾತು ಕೇಳಲಿಲ್ಲ. ಚಹಾ ಕುಡಿದಳು, ಗೋಡೆಯ ಕಡೆ ತಿರುಗಿ ಮಲಗಿದಳು. ಅವಳು ದಿನಾ ಕೇಳುವಾಗ ಬೇಸರಪಟ್ಟವಳು ನಾನೇ. ಕೇಳದಿದ್ದಾಗ ತಡೆಯಲಾಗಲಿಲ್ಲ, ಹುಕ್ಕೇರಿ ಬಸ್ಸು ಹತ್ತಿದೆ.

ಬಸ್ಸಿನಲ್ಲಿ ಜೊಂಪು ಹತ್ತಿತು. ಹಿಡಕಲ್ಲಿನ ಕಡೆ ಹೋಗುವ ರಸ್ತೆಯ ಫಲಕ ಅರೆನಿದ್ದೆಯಲ್ಲಿ ಹಾದುಹೋಯಿತು. ಆ ನೀರಿನ ಅಡಿ ಒಂದು ಬಾವಿ, ಬಾವಿಯ ತುಂಬ ಮತ್ತೆ ನೀರು. ಆ ಬಾವಿಯ ನೀರು ಯಾವುದು, ಜಲಾಶಯದ ನೀರು ಯಾವುದು ಅಂತ ಮೀನುಗಳಿಗಾದರೂ ಗೊತ್ತಿರಬಹುದೇ? ಹಸಿರು ಖಣವೊಂದು ಮಡಿಕೆ ಬಿಚ್ಚುತ್ತ, ಬಿಚ್ಚುತ್ತ ಮೆಟ್ಟಿಲಿಳಿಯುತ್ತಿತ್ತು. ಕಂಡಕ್ಟರ್ ಭುಜ ಮುಟ್ಟಿ ಎಬ್ಬಿಸಿದ.

ಚಿಗವ್ವ ಚಹಾ ಕೊಟ್ಟಳು, ಚೂಡಾ ಕೊಟ್ಟಳು. ಸುತ್ತು ಬಳಸಿ ವಿಷಯಕ್ಕೆ ಬಂದೆ.

“ಚಿಗವ್ವ, ಆ ಹಸರ ಖಣ ಕೊಡು, ಚೊಲೊ ಕುಪ್ಪಸ ಹೊಲದ ಕೊಡತೇನಿ.”

ಅವಳು ಸೆರಗು ಸರಿಮಾಡಿಕೊಂಡಳು. “ಅದನ್ನ ಹೊಲಿಯಾಕ ಕೊಟ್ಟೇನವಾ. ಹತ್ತರಗ್ಯಾಗ ಒಬ್ಬಾಕಿ ಅದಾಳ.”

ಮನೆಯಲ್ಲೇ ಹೊಲಿಗೆಯವಳಿರುವಾಗ ಹತ್ತರಗಿಯವಳಿಗೆ ಕೊಟ್ಟೆ ಅಂದರೆ ನನಗೆ ಹೇಗಾಗಬೇಡ? ನನ್ನ ಮುಖ ನೋಡಿದ ಚಿಗವ್ವನಿಗೇ ಆ ಸುಳ್ಳು ಹೊರಲಾಗಲಿಲ್ಲ. “ಖರೆ ಹೇಳಲಿ? ಮೂಡಲಗ್ಯಾಗ ನಮ್ಮ ನಾದಿನಿ ಸೊಸಿದು ಕುಬಸ ಇತ್ತು. ಅಲ್ಲಿ ಹಾಕಿ ಬಂದೆ. ನಿಮ್ಮವ್ವನ ಮುಂದ ಹೇಳಬ್ಯಾಡ,” ಅಂದಳು. ಕುಬಸವೆಂದರೆ ಬಸುರಿಗೆ ಮಾಡುವ ಕಾರ್ಯ, ಬಂದವರೆಲ್ಲ ಖಣ ತರುತ್ತಾರೆ. ಕಂಕುಳಲ್ಲಿ ಕೂಸಿಟ್ಟುಕೊಂಡು ಊರೆಲ್ಲ ಹುಡುಕಿದರಂತೆ. ನಾವು ಕೂಸನ್ನು ಊರಿನ ಕಂಕುಳಿಗೆಲ್ಲ ದಾಟಿಸಿ ಹುಡುಕುವ ಜನ.

ಹಬ್ಬದ ಹೊಲಿಗೆ ಎರಡು ವಾರ ನನ್ನನ್ನು ಅಲ್ಲಾಡಗೊಡಲಿಲ್ಲ. ದೀಪಾವಳಿಗೆ ನಾಲ್ಕು ದಿನ ಇರುವಾಗ, ಕತ್ತರಿಸಿಟ್ಟ ಗಿರಾಕಿಗಳ ಬಟ್ಟೆ ಹಾಗೇ ಬಿಟ್ಟು ಮೂಡಲಗಿಗೆ ಹೊರಟೆ. ಅರಭಾವಿಯಲ್ಲಿ ಕಾಲೇಜಿನ ಹುಡುಗರು ಇಳಿದ ಮೇಲೆ ಬಸ್ಸು ಖಾಲಿಯಾಗಿ ಮಾತಿಲ್ಲದಂತಾಯಿತು. ಆ ಮನೆಯಲ್ಲಿ ಅತ್ತೆ ಸೊಸೆ ಇಬ್ಬರೇ ಇದ್ದರು. ಚಿಗವ್ವನ ಅಕ್ಕನ ಮಗಳು, ಗೋಕಾಕದಲ್ಲಿ ಹೊಲಿಗೆಯವಳು ಅಂತ ಪರಿಚಯ ಹೇಳಿ, ಬಾಣಂತಿತನಕ್ಕೆ ಸಡಿಲಾದ ಕುಪ್ಪಸ ಪುಕ್ಕಟೆ ಹೊಲಿದುಕೊಡುತ್ತೇನೆ, ಖಣ ತೋರಿಸಿರಿ ಅಂದೆ. ಸೊಸೆ ಉಬ್ಬಿದ ಹೊಟ್ಟೆ ಹಿಡಿದುಕೊಂಡು ಗಂಟು ತಂದು ಬಿಚ್ಚಿದಳು. ಎಷ್ಟು ಖಣ! ಕೆಂಪು, ನವಿಲುಬಣ್ಣ, ಅರಿಷಿಣ, ಎಲ್ಲಕ್ಕೂ ಡಾಂಬರುಗುಳಿಗೆಯ ವಾಸನೆ. ಒಂದೊಂದನ್ನೇ ಬಿಚ್ಚುತ್ತ ಹೋದೆ. ಎಷ್ಟೋ ವರ್ಷ ಯಾರೂ ಬಿಚ್ಚದ ಮಡಿಕೆಗಳು, ಒಳಗೆ ಮೂಲ ಬಣ್ಣ ಹಾಗೇ ಉಳಿದಿತ್ತು. ನಾನು ಬಂದ ಕೆಲಸವನ್ನೇ ಅರೆಕ್ಷಣ ಮರೆತೆ.

ಹಸಿರು ಖಣ ಕೊಡವಿದಾಗ ಚೀಟಿ ಸೊಸೆಯ ಕಾಲ ಹತ್ತಿರ ಬಿತ್ತು.

“ಅತ್ತೀ, ಲಾಟ್ರಿ ಬಂದೈತ್ರಿ!” ಅಂತ ಅವಳು ಎತ್ತಿಕೊಂಡು ಉಗುರಿನಿಂದ ಕೆರೆಯಲು ಹೊರಟಳು.

“ಕೆರಿಬ್ಯಾಡ್ರಿ!” ನಾನು ಕಿರುಚಿದ ರೀತಿಗೆ ಇಬ್ಬರೂ ಬೆಚ್ಚಿದರು. ಇನ್ನು ಮುಚ್ಚಿಡುವಂತಿರಲಿಲ್ಲ. ಡಬ್ಬಿ, ಬಾವಿ, ಅವ್ವ, ಈಜು ಎಲ್ಲ ಹೇಳಿದೆ. ಹೇಳುತ್ತ ಹೇಳುತ್ತ ಅಳು ಬಂತು, ನಾಚಿಕೆಯೂ ಬಂತು. ಸೊಸೆ ಚೀಟಿಯನ್ನು ನನ್ನ ಕಡೆ ಚಾಚಿದಳು. ಅತ್ತೆ ಅವಳ ಕೈ ಹಿಡಿದರು.

“ಹಂಗ ಕೊಡಬಾರದವಾ. ಬಸುರಿ ಉಡ್ಯಾಗ ಬಿದ್ದದ್ದು ತಿರುಗಿ ಹೋಗಬಾರದು.” ಅವರು ಒಳಗೆ ಹೋಗಿ ಮಣೆ ತಂದು ಹಾಕಿದರು. “ತಿರುಗಿ ಕೊಡಾಕ ಬರೂದಿಲ್ಲ, ಮುಂದ ಕೊಡಾಕ ಬರತೈತಲ್ಲ. ಕುಂದರ್ರಿ. ಸೆರಗ ಹಿಡೀರಿ.”

ಕುಂಕುಮ ಹಚ್ಚಿ, ಐದು ಬೊಗಸೆ ಅಕ್ಕಿ, ಕೊಬ್ಬರಿ ಬಟ್ಟಲು, ಮೇಲೆ ನನ್ನದೇ ಹಸಿರು ಖಣ, ಅದರ ಮಡಿಕೆಯಲ್ಲಿ ಚೀಟಿ ಇಟ್ಟು ನನ್ನ ಉಡಿ ತುಂಬಿದರು. ಬಸ್ಸಿನಲ್ಲಿ ಊರು ಮುಟ್ಟುವ ತನಕ ಆ ಸೆರಗಿನ ಗಂಟನ್ನು ಎರಡೂ ಕೈಯಿಂದ ಹಿಡಿದುಕೊಂಡಿದ್ದೆ.

ಅವತ್ತೇ ಸಂಜೆ ಭಾಯಿಯನ್ನು ಕರೆಸಿ, ಬೆಳ್ಳಿಪಟ್ಟಿಯನ್ನು ಒಂದು ಅಂಗಿಗುಂಡಿಯಿಂದ ಮೆಲ್ಲಗೆ ಕೆರೆದೆ. ಡಬ್ಬಿ ಕಟ್ಟಿಕೊಂಡಾಗ ಕತ್ತಲಲ್ಲಿ ಅಕ್ಷರಗಳ ಒಂದು ಹಲಗೆ ತೇಲಿತು. ಕೈಯಲ್ಲಿಯ ಕೋಲಿನ ತುದಿಯಿಂದ ಬೆಳಕಿನ ದಾರವೊಂದು ಹೊರಟು ಯಾವ ಅಕ್ಷರ ಮುಟ್ಟುತ್ತದೋ ಅದು ಕೂರುತ್ತಿತ್ತು. ಒಳಗಿದ್ದ ನನಗೆ ಚೀಟಿ ಕಾಣುವುದಿಲ್ಲ. ಭಾಯಿ ಪಕ್ಕದಲ್ಲಿ ನಿಂತು ಒಂದೊಂದೇ ಅಕ್ಷರ ಓದಿದ, ನಾನು ಮಣಿ ಪೋಣಿಸಿದ ಹಾಗೆ ಹನ್ನೆರಡನ್ನೂ ಕೂರಿಸಿದೆ. ಒಂದು ಚಕ್ರ ತಿರುಗಿತು, ತಿರುಗಿತು. ಆಮೇಲೆ ಹಸಿರು ಗುರುತು ಬಂತು.

ಆಟ ಇಳಿಯಲು ಒಂದೂವರೆ ದಿನ ಹಿಡಿಯಿತು. ನಡುವೆ ಎರಡು ಸಲ ಕರೆಂಟು ಹೋಯಿತು. ಅವ್ವ ಹಾಲು ಕಾಯುವವಳ ಹಾಗೆ ಟಿವಿಯ ಮುಂದೆ ಕಾದು ಕೂತಳು.

ಮೆಟ್ಟಿಲುಗಳು ಮತ್ತೆ ಬಂದವು. ಈ ಸಲ ಬೂದಿಬಣ್ಣ ಬರಲಿಲ್ಲ. ಅವ್ವ ಬಲಕ್ಕೆ ಹೊರಳಿ ಇಳಿದಳು. ಒಂದೊಂದು ಮೆಟ್ಟಿಲಿಗೂ ಯಾವುದೋ ಹುಡುಗಿಯ ಹೆಸರು ಹೇಳುತ್ತಿದ್ದಳು, ಅವಳು ಈಜು ಕಲಿಸಿದ ಹುಡುಗಿಯರದ್ದು. ತಳದಲ್ಲಿ ಉಸುಕು, ಅಲುಗಾಡುವ ಬೆಳಕು. ಅಲ್ಲಿ ಬಹಳ ಹೊತ್ತು ಇದ್ದಳು. ಡಬ್ಬಿ ತೆಗೆದಾಗ ಕಣ್ಣಿನ ಸುತ್ತ ಗೆರೆ ಮೂಡಿತ್ತು, ಕಣ್ಣು ಒದ್ದೆಯಾಗಿತ್ತು.

“ಎಲ್ಲಾ ಐತಿ. ನೀರಿನ ತಂಪ ಒಂದ ಇಲ್ಲ,” ಅಂದಳು. ನನಗೆ ಪಿಚ್ಚೆನಿಸಿತು. ಆದರೆ ಅವಳು ಡಬ್ಬಿಯನ್ನು ನನ್ನ ಕಡೆ ಚಾಚಿದ್ದಳು. ನಾನು ಹಿಂಜರಿದೆ. “ಊರಿಗೆ ಬಂದಾಕಿ ನೀರಿಗೆ ಬರಲಾರದ ಇರತಾಳೇನು? ಬಾ,” ಅಂದಳು.

ಕಟ್ಟಿಕೊಂಡೆ. ನೀಲಿ ಸುತ್ತುವರಿಯಿತು. ಸ್ಟೂಲಿನ ಮೇಲೆ ಕೂತ ಅವ್ವ ನನ್ನನ್ನು ಹತ್ತಿರ ಎಳೆದು, ನಿಂತಲ್ಲೇ ಮುಂದಕ್ಕೆ ಬಾಗಿಸಿ, ಹೊಟ್ಟೆಯ ಕೆಳಗೆ ಅಂಗೈ ಕೊಟ್ಟಳು. ಬಿಸಿಯಾದ, ಗಟ್ಟಿ ಅಂಗೈ.

“ಕೈ ಅಗಲಾ ಮಾಡು. ಹಿಂದಕ ತಳ್ಳು. ಉಸರ ಬಿಡು. ಹಂಗ. ಮತ್ತೊಮ್ಮೆ.”

ಮೆಟ್ಟಿಲುಗಳು ನನ್ನ ಕೆಳಗೆ ನಿಧಾನ ಸರಿದವು. ಎಷ್ಟು ಹೊತ್ತಾಯಿತೋ ತಿಳಿಯದು.

“ಈಗ ಕೈ ಬಿಡತೇನಿ ನೋಡು,” ಅಂದಳು ಅವ್ವ. ಹೇಳಿದಂತೆಯೇ ಬಿಟ್ಟಳು.

ಅವಳ ಅಂಗೈ ಇದ್ದ ಜಾಗಕ್ಕೆ ನೀರಿನಂತೆ ತಂಪು ತಾಗಿತು. ನಾನು ಕೈ ಅಗಲ ಮಾಡಿದೆ, ಹಿಂದಕ್ಕೆ ತಳ್ಳಿದೆ.