ನಿಶ್ಚಿತಾರ್ಥದ ದಿನದ ಮುಷ್ಕರ

ನನ್ನ ಸೋದರಮಾವನ ಹಿಮ್ಮಡಿಯ ಬಿರುಕುಗಳಲ್ಲಿ ಕೂತಿದ್ದ ಹಂಚಿನ ಕಾರ್ಖಾನೆಯ ಕೆಂಪು ಮಣ್ಣು ಎಷ್ಟು ತಿಕ್ಕಿದರೂ ಹೋಗುತ್ತಿರಲಿಲ್ಲ. ಅವರು ಬಂದುಹೋದ ಮೇಲೆ ನೆಲ ಒರೆಸುವ ಕೆಲಸ ನನ್ನದು. ಕ್ರಾಂತಿಯೆಂದರೆ ನನಗೆ ಮೊದಲು ಗೊತ್ತಾದದ್ದು ಅಷ್ಟೇ.

ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟು ಹಸಿ ಹಂಚು ಹೊರಲು ಹೋದವರು, ಮೀಸೆ ದಪ್ಪವಾಗುವಷ್ಟರಲ್ಲಿ ಕೂಲಿಗಳ ಸಂಘ ಕಟ್ಟಿ ಎರಡು ಸಲ ಜೈಲಿಗೂ ಹೋಗಿ ಬಂದಿದ್ದರು. ಊಟಕ್ಕೆ ಎಂದೂ ಒಬ್ಬರೇ ಬಂದದ್ದಿಲ್ಲ. "ಅಕ್ಕ, ಗಂಜಿ ಉಂಟಾ? ಆರು ಜನ ಇದ್ದೇವೆ" ಎಂದು ಅಂಗಳದಿಂದಲೇ ಕೂಗುವುದು. ಗಂಜಿ ಇರುತ್ತಿದ್ದದ್ದು ಅಮ್ಮನಿಗೂ ನನಗೂ, ಇಬ್ಬರಿಗೆ.

ನನ್ನ ನಿಶ್ಚಿತಾರ್ಥಕ್ಕೆ ಬೆಳಿಗ್ಗೆ ಹತ್ತಕ್ಕೆ ಬರುತ್ತೇನೆಂದು ಮಾತು ಕೊಟ್ಟಿದ್ದರು. ಹುಡುಗನ ತಂದೆ ಅದೇ ಕಾರ್ಖಾನೆಯ ಗುಮಾಸ್ತ. ನಮ್ಮಲ್ಲಿ ಮಾವ ಕೂರದೆ ಇಂಥ ಮಾತು ಮುಗಿಯುವುದಿಲ್ಲ. ಮಾವ ಬಂದದ್ದು ಮಧ್ಯಾಹ್ನ ಎರಡಕ್ಕೆ, ಹಣೆಗೆ ಬ್ಯಾಂಡೇಜು ಸುತ್ತಿಕೊಂಡು. ಆ ಬೆಳಿಗ್ಗೆಯೇ ಮುಷ್ಕರ ಶುರುವಾಗಿತ್ತು, ಲಾಠಿ ಏಟೂ ಬಿದ್ದಿತ್ತು.

"ಮುಷ್ಕರ ನಿಲ್ಲಿಸಿ, ಮಾತು ಮುಂದುವರಿಸುವ. ಇಲ್ಲದಿದ್ದರೆ ನನ್ನ ಕೆಲಸ ಹೋಗ್ತದೆ" ಎಂದರು ಹುಡುಗನ ತಂದೆ.

"ನೀವು ಕೇಳಲಿಕ್ಕೆ ಬಂದದ್ದು ನನ್ನ ಸೊಸೆಯನ್ನಾ, ಮುಷ್ಕರವನ್ನಾ?" ಎಂದರು ಮಾವ. ಹುಡುಗನ ಕಡೆಯವರು ಎದ್ದು ಹೋದರು.

"ಒಂದು ದಿನ ಮುಂದೆ ಹಾಕಲಿಕ್ಕೆ ಎಂತ ಧಾಡಿ ನಿನಗೆ?" ಎಂದು ಅಮ್ಮ ಅತ್ತಳು.

"ಆ ಕೂಲಿಗಳ ಮನೆಯಲ್ಲೂ ಮದುವೆಗೆ ಬಂದ ಹುಡುಗಿಯರು ಇದ್ದಾರೆ, ಅಕ್ಕ."

ಅಮ್ಮ ತಮ್ಮನೊಡನೆ ತಿಂಗಳುಗಟ್ಟಲೆ ಮಾತು ಬಿಟ್ಟಳು. ಮಾವ ಮಾತ್ರ ಮರುವಾರವೇ ಟೀಚರ್ ಟ್ರೈನಿಂಗಿನ ಅರ್ಜಿ ತಂದು ನನ್ನ ಮುಂದಿಟ್ಟರು. "ಇದಕ್ಕೆ ಯಾರೂ ಒಪ್ಪಬೇಕೂಂತ ಇಲ್ಲ. ಸಹಿ ಹಾಕು." ಸಿಟ್ಟಿನಲ್ಲೇ ಹಾಕಿದೆ.

ಮುಂದೆ ಅವರು ಚುನಾವಣೆ ಗೆದ್ದು ವಿಧಾನಸಭೆಗೆ ಹೋದರು. ನಾನು ಕಾಟಿಪಳ್ಳದ ಶಾಲೆಗೆ ದಿನಾ ಬಸ್ಸಿಳಿದು ಮೈಲುಗಟ್ಟಲೆ ನಡೆಯುತ್ತಿದ್ದೆ. ಪೇಟೆಗೆ ವರ್ಗ ಮಾಡಿಸಿ ಎಂದು ಒಮ್ಮೆ, ಒಂದೇ ಒಂದು ಸಲ ಕೇಳಿದೆ.

"ನಿನ್ನನ್ನು ಇಲ್ಲಿಗೆ ತಂದರೆ ಅಲ್ಲಿಗೆ ಯಾರ ಸೊಸೆಯನ್ನು ಕಳಿಸುವುದು ಮಾರಾಯ್ತಿ?"

ಕೊಟ್ಟ ಕಾಫಿಯನ್ನು ಮುಟ್ಟದೆ ಎದ್ದು ಬಂದೆ.

ಎರಡನೇ ಸಲ ಗೆದ್ದ ವರ್ಷವೇ ಬಂದರಿನ ಸಭೆಯೊಂದರಲ್ಲಿ ಮೈಕಿನೆದುರು ಕುಸಿದರು. ನಾನು ಶಾಲೆಯಿಂದ ಓಡಿ ಬರುವಷ್ಟರಲ್ಲಿ ಎಲ್ಲ ಮುಗಿದಿತ್ತು. ಆ ಸಂಬಂಧ ತಪ್ಪಿದ್ದರಿಂದಲೇ ನಾನು ನನ್ನ ಕಾಲ ಮೇಲೆ ನಿಂತೆನೆಂದು ಅವರಿಗೆ ಯಾವತ್ತೂ ಹೇಳಿರಲಿಲ್ಲ. ಹೇಳಿದ್ದರೆ ಅಲ್ಲೇ ಒಂದು ಗಂಟೆ ಭಾಷಣ ಬಿಗಿಯುತ್ತಿದ್ದರು. ಬಿಗಿಯಲಿ ಎಂದು ಕೂತು ಕೇಳಬೇಕಿತ್ತು.