ಕಸೊಂಡೆಯ ಗುಂಡಿಯಲ್ಲಿ ಮಲಗಿದವನು

ಯೆರೆಮಿಯಾ ಮಸೆಕೊ ಮುಂದೆ ಬಿಳಿಯರ ಜೈಲು ಕಂಡ, ಹೊರಬಂದು ಹಳ್ಳಿಹಳ್ಳಿ ಸುತ್ತಿ ಸ್ವಾತಂತ್ರ್ಯದ ಭಾಷಣ ಮಾಡಿದ, ದೇಶಕ್ಕೆ ಹೊಸ ಬಾವುಟ ಬಂದಾಗ ಚುನಾವಣೆಯನ್ನೂ ಗೆದ್ದ. ಅದೆಲ್ಲ ಇರಲಿ. ನಮ್ಮ ಕಿಟ್ವೆಯ ಗಣಿ ಕೇರಿಯಲ್ಲಿ ಅವನ ಹೆಸರೆತ್ತಿದರೆ ಜನ ಮೊದಲು ಹೇಳುವುದು ಅವನು ಜೀವಂತವಾಗಿ ಹೆಣದ ಗುಂಡಿಗೆ ಹಾರಿದ ಕಥೆಯನ್ನೇ. ಹೇಳುವಾಗ ಈಗಲೂ ಅವರ ಮೈ ಜುಮ್ಮೆನ್ನುತ್ತದೆ.

ಆಗ ಅವನಿಗೆ ಇನ್ನೂ ಮೂವತ್ತು ದಾಟಿರಲಿಲ್ಲ. ಪೂರ್ವದ ಎಂಗೋನಿ ನಾಡಿನಿಂದ ಬರಿಗಾಲಲ್ಲಿ ಬಂದು, ನೆಲದಡಿ ತಾಮ್ರದ ಬಂಡೆ ಕೊರೆಯುತ್ತಿದ್ದ. ಬಾಯಿ ಬಲು ಜೋರು. ಆ ಬಾಯಿ ನೋಡಿಯೇ ಕಾರ್ಮಿಕ ಸಂಘದವರು ಅವನನ್ನು ಅಧ್ಯಕ್ಷನನ್ನಾಗಿ ಮಾಡಿದ್ದರು. ಪಕ್ಕದ ಮನೆಯ ಕಸೊಂಡೆಯೂ ಅದೇ ತಂಡದಲ್ಲಿ ಬಂಡೆ ಕೊರೆಯುವವನು, ಆದರೆ ಬೆಂಬಾ ಬುಡಕಟ್ಟಿನವನು. ಬೆಂಬಾ, ಎಂಗೋನಿ ಅಂದರೆ ಮುತ್ತಾತಂದಿರ ಕಾಲದಲ್ಲಿ ಒಬ್ಬರನ್ನೊಬ್ಬರು ಕೊಂದವರು, ಈಗ ಭಾವ ಮೈದುನರು. ಬೈದಾಡುವುದೇ ಅವರ ನೆಂಟಸ್ತಿಕೆ.

"ಏನ್ ಭಾವ, ಇವತ್ತು ಸಾರಿಗೆ ಎಷ್ಟು ಇಲಿ ಬಿದ್ವು?" ಎಂದು ಕಸೊಂಡೆ ಬೇಲಿಯಾಚೆಯಿಂದ ಕೂಗುತ್ತಿದ್ದ.

"ನಿಮ್ಮನೆ ಮಂಗನ ಬಾಲ ಬೆಂದ್ಮೇಲೆ ಹೇಳ್ತೀನಿ ಕಣೋ!"

ಎಂಗೋನಿ ಇಲಿ ತಿನ್ನುವವನು, ಬೆಂಬಾ ಮಂಗ ತಿನ್ನುವವನು ಎಂದು ಹೀಗೆ ಬೈದುಕೊಂಡೇ ಇಬ್ಬರೂ ಒಂದೇ ತಟ್ಟೆಯಲ್ಲಿ ಮೆಕ್ಕೆಜೋಳದ ಮುದ್ದೆ ಮುರಿಯುತ್ತಿದ್ದರು.

ಆ ವರ್ಷ ಸಂಘ ಮುಷ್ಕರಕ್ಕೆ ಟೊಂಕ ಕಟ್ಟಿತು. ಸುರಂಗ ಒಂದೇ, ಧೂಳು ಒಂದೇ, ಸಂಬಳ ಮಾತ್ರ ಬಿಳಿಯನಿಗೆ ಬೊಗಸೆ, ಕರಿಯನಿಗೆ ಚಿಟಿಕೆ. ದಿನ ನಿಗದಿಯಾಯಿತು. ಅಷ್ಟರಲ್ಲಿ ಸುರಂಗದ ಮಾಡು ಕುಸಿದು ಕಸೊಂಡೆ ಸತ್ತ.

ಅದು ಯೆರೆಮಿಯಾನ ಪಾಳಿ. ಸಂಘದ ಸಭೆಯಿದೆ ಎಂದಾಗ, "ಹೋಗ್ ಮಾತಾಡು, ನಿನ್ ಪಾಳಿ ನಾನ್ ನೋಡ್ಕೋತೀನಿ" ಎಂದು ಕಸೊಂಡೆ ತಾನೇ ಇಳಿದಿದ್ದ. ಗಣಿ ಕಚೇರಿಯ ಬಾಲಬಡುಕರಿಗೆ ಅಷ್ಟು ಸಾಕಾಯಿತು. ಎಂಗೋನಿ ಅಧ್ಯಕ್ಷ ಬೆಂಬಾದವನನ್ನು ಬೇಕೆಂದೇ ಸಾಯಲು ಕಳಿಸಿದ ಎಂದು ಸಂಜೆಯೊಳಗೆ ಮನೆಮನೆಗೂ ಮುಟ್ಟಿಸಿದರು. ಗಣಿಯಲ್ಲಿ ಅರ್ಧಕ್ಕರ್ಧ ಬೆಂಬಾ ಜನ. ಮುಷ್ಕರದ ಬೆಳಿಗ್ಗೆ ಅವರು ಕೆಲಸಕ್ಕೆ ಇಳಿದರೆ ಎಲ್ಲವೂ ಮಣ್ಣುಪಾಲು. ಸಭೆ ಕರೆದು ನಿಜ ಹೇಳೋಣವೆಂದರೆ ಅಷ್ಟರಲ್ಲಿ ಸಭೆಗಳಿಗೆ ಪೊಲೀಸರ ನಿಷೇಧ ಬಿದ್ದಿತ್ತು. ಉಳಿದದ್ದು ಶವಸಂಸ್ಕಾರ ಒಂದೇ, ಅದೂ ಮುಷ್ಕರದ ಹಿಂದಿನ ದಿನ.

ಬೆಂಬಾದವನು ಸತ್ತರೆ ಎಂಗೋನಿ ಭಾವ ಗುಂಡಿಗಿಳಿದು ಅಡ್ಡ ಮಲಗಬೇಕು, ಸತ್ತವನನ್ನು ಬಾಯಿಗೆ ಬಂದಂತೆ ಬಯ್ಯಬೇಕು, ಮನೆಯವರು ಕಾಣಿಕೆ ಎಸೆದ ಮೇಲೇ ಏಳಬೇಕು. ಅವನು ಅಳುವಂತಿಲ್ಲ. ಅಳುವವರನ್ನು ನಗಿಸುವುದು ಅವನ ಪಾಲಿನ ಕೆಲಸ.

"ಇವತ್ತು ಆ ಆಟ ಬೇಡ," ಎಂದು ಸಂಘದ ಕಾರ್ಯದರ್ಶಿ ಸಿಂಬೆಯೆ ಯೆರೆಮಿಯಾನ ಕೈ ಹಿಡಿದುಕೊಂಡ. "ನೀನ್ ಇಳಿದ್ರೆ ಮೇಲಿಂದ ಮಣ್ಣೆಳೆದುಬಿಡ್ತಾರೆ ಕಣೋ."

"ಇಳೀದಿದ್ರೆ ಕೊಂದವನು ನಾನೇ ಅಂತ ಒಪ್ಕೊಂಡಂಗೆ," ಎಂದು ಯೆರೆಮಿಯಾ ಕೈ ಕೊಡವಿಕೊಂಡ.

ಸ್ಮಶಾನದಲ್ಲಿ ಜನವೋ ಜನ. ಒಂದು ಮೂಲೆಯಲ್ಲಿ ಬಿಳಿ ಇನ್ಸ್‌ಪೆಕ್ಟರ್, ಪಕ್ಕದಲ್ಲಿ ಅವನಿಗೆ ಮಾತು ಬಿಡಿಸಿ ಹೇಳಲು ನಮ್ಮವನೇ ಒಬ್ಬ ಸಾರ್ಜೆಂಟ್. ಯೆರೆಮಿಯಾ ಕಾಣಿಸಿದ್ದೇ ಹೆಂಗಸರ ಗೋಳು ಗಕ್ಕನೆ ನಿಂತಿತು. ಬೆಂಬಾ ಯುವಕರ ಕೈಯಲ್ಲಿ ಸಲಿಕೆಗಳಿದ್ದವು. ಯೆರೆಮಿಯಾ ಯಾರ ಮುಖವನ್ನೂ ನೋಡದೆ ಗುಂಡಿಗೆ ಧುಮುಕಿದ, ಅಂಗಾತ ಮಲಗಿದ.

"ಲೋ ಕಸೊಂಡೆ! ಮಂಗ ತಿನ್ನೋ ಕಳ್ಳ!" ಎಂದು ಗಂಟಲು ಹರಿಯುವಂತೆ ಕೂಗಿದ. "ಮೊನ್ನೆ ನನ್ ಪಾಳಿ ಕದ್ದೆ. ಇವತ್ತು ನನ್ ಗುಂಡೀನೂ ಕದೀತೀಯೇನೋ? ಆ ಬಂಡೆ ನಂಗೆ ಅಂತ ಇದ್ದಿದ್ದು, ಈ ಗುಂಡೀನೂ ನಂದೇ! ನಾನ್ ಏಳಲ್ಲ. ಬೇರೆ ಕಡೆ ಜಾಗ ನೋಡ್ಕೋ ಹೋಗು!"

ಯಾರೂ ನಗಲಿಲ್ಲ. ಒಂದು ಸಲಿಕೆ ಮಣ್ಣು ಅವನ ಎದೆಯ ಮೇಲೆ ದೊಪ್ಪನೆ ಬಿತ್ತು.

"ಹಾಕ್ರೋ, ಇನ್ನೂ ಹಾಕಿ! ನನ್ನ ಮುಚ್ಚಿ ನಾಳೆ ಬೆಳಿಗ್ಗೆ ಕೆಲ್ಸಕ್ಕೆ ಇಳೀರಿ. ಇವನ ಮೇಲೆ ಬಿದ್ದ ಮಾಡಿಗೆ ಆಸರೆ ಕೊಟ್ಟಿದ್ದ ಕೊಳೆತ ಮರಾನೇ ನಿಮ್ ತಲೆ ಮೇಲೂ ಕೊಟ್ಟಿದಾರೆ!"

"ಏನಂತಾನೆ ಅವನು?" ಎಂದ ಇನ್ಸ್‌ಪೆಕ್ಟರ್.

"ಇಲಿ, ಮಂಗದ ವಿಷ್ಯ ಸಾಹೇಬ್ರೆ," ಎಂದ ಸಾರ್ಜೆಂಟ್.

ಆಗ ಕಸೊಂಡೆಯ ಹೆಂಡತಿ ಗುಂಡಿಯ ಅಂಚಿಗೆ ಬಂದಳು. ಮಗನ ಹೆಸರು ಹಿಡಿದು ಎಲ್ಲರೂ ಅವಳನ್ನು ಮುತಾಲೆ ಅವ್ವ ಎನ್ನುತ್ತಿದ್ದರು. ಅತ್ತು ಅತ್ತು ಅವಳ ಮುಖ ಊದಿತ್ತು. ಇವಳು ಬೆನ್ನು ತಿರುಗಿಸಿದರೆ ಮುಗಿಯಿತು.

"ಎದ್ದೇಳೋ ಇಲಿ ತಿನ್ನೋನೇ!" ಎಂದು ಅವಳು ಗದರಿದಳು. "ಏನ್ ನಾತವಪ್ಪಾ! ನಿನ್ ಪಕ್ಕ ಮಲಗಿದ್ರೆ ನನ್ ಗಂಡನ್ನ ಸ್ವರ್ಗದಲ್ಲೂ ಒಳಗೆ ಬಿಡಲ್ಲ. ಅವ್ನಾಗೇ ಇಳಿದೋನು ಅವ್ನು. ನೀನು ಸಭೇಲಿ ಬಾಯ್ ಬಡ್ಕೊಳ್ಲಿ ಅಂತ ಇಳಿದ, ಇಲ್ಲಿ ಬಿದ್ಕೊಂಡಿರ್ಲಿ ಅಂತಲ್ಲ!"

ಯಾರೋ ಮುದುಕಿ ಕಿಸಕ್ಕೆಂದಳು. ಅಷ್ಟೇ, ಇಡೀ ಸ್ಮಶಾನ ಕಣ್ಣೀರಿನ ನಡುವೆಯೇ ಹೋ ಎಂದು ನಕ್ಕಿತು.

"ಕಾಣಿಕೆ?" ಎಂದು ಗುಂಡಿಯಿಂದ ಕೈ ಮೇಲೆ ಬಂತು.

ಮುತಾಲೆ ಅವ್ವ ಸೆರಗಿನ ಗಂಟು ಬಿಚ್ಚಿ ಗಂಡನ ಬಿಲ್ಲೆಯನ್ನು ಎಸೆದಳು. ಗಣಿಯ ಬಾಗಿಲಲ್ಲಿ ತೋರಿಸುವ ನಂಬರಿನ ಬಿಲ್ಲೆ ಅದು. ಅದಿಲ್ಲದವನನ್ನು ಕೆಳಗೆ ಬಿಡುವುದಿಲ್ಲ. ಮಣ್ಣು ಹಾಕಿದ್ದ ಯುವಕ ಸಲಿಕೆ ಬಿಸುಟು ತನ್ನ ಕೊರಳಿನ ಬಿಲ್ಲೆಯ ದಾರ ಕಿತ್ತ.

"ತಗೋ ಭಾವ. ನಂದೂ ಇರ್ಲಿ."

ಆಮೇಲೆ ತಡೆಯುವವರಿಲ್ಲ! ಬೆಂಬಾದವರು, ಎಂಗೋನಿಯವರು, ಯಾವ್ಯಾವ ನಾಡಿನವರೋ, ಬಿಲ್ಲೆಗಳನ್ನು ಮಳೆಗರೆದರು. ಯೆರೆಮಿಯಾ ಮುಖಕ್ಕೆ ಕೈ ಅಡ್ಡ ಹಿಡಿದು ಬೈಯುತ್ತಲೇ ಎದ್ದ. ಸಲಿಕೆ ಬಿಸುಟ ಯುವಕನೇ ಅವನನ್ನು ಮೇಲೆಳೆದುಕೊಂಡ.

"ಅದೇನು ಎಸೀತಿದಾರೆ?" ಎಂದು ಇನ್ಸ್‌ಪೆಕ್ಟರ್ ಕೇಳಿದ.

"ಕಾಣಿಕೆ ಸಾಹೇಬ್ರೆ. ಇವ್ರ ಪದ್ಧತಿ," ಎಂದ ಸಾರ್ಜೆಂಟ್, ತಲೆಯೆತ್ತದೆ.

ಬಿಲ್ಲೆಗಳ ಹಾಸಿಗೆಯ ಮೇಲೆ ಕಸೊಂಡೆಯನ್ನು ಇಳಿಸಿ ಮಣ್ಣೆಳೆದರು.

ಮಾರನೆಯ ಬೆಳಿಗ್ಗೆ ಗಣಿಯ ಸೈರನ್ ಕೂಗಿತು. ಮತ್ತೆ ಕೂಗಿತು. ಕಸೊಂಡೆಯ ಅಂಗಳದಲ್ಲಿ ಸೂತಕದ ಬೆಂಕಿಯ ಸುತ್ತ ಕುಳಿತ ಗಂಡಸರಲ್ಲಿ ಒಬ್ಬನೂ ಅಲುಗಲಿಲ್ಲ. ದೂರದಲ್ಲಿ, ಜನರನ್ನು ಕೆಳಗಿಳಿಸುವ ದೊಡ್ಡ ಚಕ್ರ ನಿಂತೇ ಇತ್ತು. ಯೆರೆಮಿಯಾ ಬಾಯಿ ತೆರೆದ. ಭಾಷಣವೋ ಬೈಗುಳವೋ ಎಂದು ಎಲ್ಲರೂ ಕಾದರು. ಅವನು "ಭಾವಾ" ಎಂದವನೇ ಗೋಳೋ ಎಂದು ಅಳತೊಡಗಿದ.

ಸಮಾಧಾನ ಮಾಡಲು ಎದ್ದವರನ್ನು ಮುತಾಲೆ ಅವ್ವ ತಡೆದಳು.

"ಬಿಡಿ, ಅಳ್ಲಿ. ನಿನ್ನೆ ಅವ್ನಿಗೆ ಪುರುಸೊತ್ತಿರ್ಲಿಲ್ಲ."