ಕಣ್ಣು ಮುಚ್ಚಿ ಕೂತವರ ಹೆಸರು

ನಮ್ಮ ಚಿಕ್ಕಮ್ಮನಿಗೆ ಕಣ್ಣಾಸ್ಪತ್ರೆಯಲ್ಲಿ ಹೆಸರು ಕೂಗುವ ಕೆಲಸ. ಅಲ್ಲಿಯವರು ಅವಳನ್ನು 'ಮೈಕು' ಎನ್ನುತ್ತಾರೆ, ಬೆನ್ನ ಹಿಂದೆಯಲ್ಲ, ಎದುರಿಗೇ. ಅವಳು ಕೂಗಿದವರು ಎದ್ದು ಬರುತ್ತಾರೆ, ನರ್ಸು ಕಣ್ಣಿಗೆ ಹನಿ ಹಾಕುತ್ತಾಳೆ, ಆಮೇಲೆ ಅವರು ಗೋಡೆ ಬದಿಯ ಬೆಂಚಿನಲ್ಲಿ ಅರ್ಧ ಗಂಟೆ ಕಣ್ಣು ಮುಚ್ಚಿಕೊಂಡು ಕೂತಿರಬೇಕು. ಮಧ್ಯಾಹ್ನ ಆ ಉದ್ದದ ಹಜಾರ ನೋಡಿದರೆ ಊರಿಗೆ ಊರೇ ಕೂತಲ್ಲೇ ಕನಸು ಕಾಣುತ್ತಿದೆ ಎನ್ನಿಸುತ್ತದೆ. ಫ್ಯಾನು ತಿರುಗುತ್ತದೆ, ಹಸಿರು ಪರದೆ ಉಬ್ಬಿ ಇಳಿಯುತ್ತದೆ, ಯಾರೂ ಯಾರನ್ನೂ ನೋಡುವುದಿಲ್ಲ.

ಚಿಕ್ಕಮ್ಮ ಬಾಯಿ ಹಾಕುವುದು ಆಗಲೇ. ಅಪರೂಪದ ಹೆಸರು ಸಿಕ್ಕಿದರೆ ಅವಳಿಗೆ ತಡೆದುಕೊಳ್ಳಲಾಗುವುದಿಲ್ಲ. ಪಕ್ಕದಲ್ಲಿ ಕೂತು, "ಈ ಹೆಸ್ರು ಯಾರಿಟ್ಟಿದ್ದು? ಹಾಗಂದ್ರೇನು?" ಎಂದು ಶುರು ಮಾಡುತ್ತಾಳೆ. ಕಣ್ಣು ಮುಚ್ಚಿದ ಮನುಷ್ಯ ಸುಳ್ಳು ಹೇಳುವುದಿಲ್ಲ ಎನ್ನುವುದು ಅವಳ ಸಿದ್ಧಾಂತ. ಹೀಗಾಗಿ ನಮ್ಮ ಬಳಗದಲ್ಲಿ ಯಾರಿಗೆ ಮಗು ಹುಟ್ಟಿದರೂ ಹೆಸರು ಅವಳ ಕೈ ದಾಟಿಯೇ ಹೋಗಬೇಕು. ಪುಸ್ತಕ, ಫೋನು ಯಾವುದನ್ನೂ ಅವಳು ನಂಬುವುದಿಲ್ಲ.

"ಆ ಹೆಸ್ರು ಹೊತ್ತು ಬದುಕಿದವರನ್ನ ಕೇಳ್ಬೇಕು ಕಣೇ. ಪುಸ್ತಕ ಬರೆದೋನನ್ನ ಯಾರಾದ್ರೂ ಹಾಗೆ ಕರೆದಿದ್ರಾ?"

ನಾನು ಬಸುರಿಯಾಗಿದ್ದಾಗ ಒಮ್ಮೆ ಬಸ್ಸಿನಲ್ಲಿ ಕಿಟಕಿಗೆ ತಲೆ ಆನಿಸಿ ತೂಕಡಿಸುತ್ತಿದ್ದೆ. ಯಾರೋ ಯಾರನ್ನೋ ಕರೆದರು. ಯಾವುದೋ ದೂರದ ಭಾಷೆಯ ಹೆಸರು. ನಿದ್ದೆಗಣ್ಣಿನಲ್ಲಿ ನಾನೇ 'ಓ' ಎಂದುಬಿಟ್ಟೆ, ಹೊಟ್ಟೆಯೊಳಗೆ ಮಗು ಹೊರಳಿತು. ಹೆಣ್ಣಾದರೆ ಇದೇ ಹೆಸರು ಎಂದು ಅಲ್ಲೇ ತೀರ್ಮಾನಿಸಿದೆ. ಫೋನಿನಲ್ಲಿ ಹುಡುಕಿದರೆ 'ಮುಂಜಾವಿನ ಬೆಳಕು' ಎಂಬ ಅರ್ಥ ಬಂತು. ಹೆಣ್ಣೇ ಹುಟ್ಟಿತು. ಆದರೆ ಹೆಸರು ಕೇಳಿದ್ದೇ ನಮ್ಮ ಅತ್ತೆ ಮುಖ ಗಂಟು ಹಾಕಿಕೊಂಡರು.

"ಆ ಭಾಷೆಯವ್ರು ನಮ್ಮ ತವರಿನ ಪಕ್ಕದ ಮನೇಲಿದ್ರಮ್ಮ. ಹೆಣ್ಣು ಸಾಕಪ್ಪಾ ಅನ್ನಿಸಿದಾಗ ಇಡೋ ಹೆಸ್ರು ಅದು. ಬೇಡದವಳು ಅಂತ. ನನ್ನ ಮೊಮ್ಮಗಳನ್ನ ನಾನು ಹಾಗೆ ಕರೆಯಲ್ಲ."

ಆ ಹೆಸರಿನಲ್ಲಿ ಕರೆಯಲು ನನಗೂ ಧೈರ್ಯವಾಗಲಿಲ್ಲ. ಬೇರೆ ಹೆಸರು ಬಾಯಿಗೇ ಬರುತ್ತಿರಲಿಲ್ಲ. ಮಗು ಬರೀ 'ಪಾಪು' ಆಗಿ ಉಳಿಯಿತು. ಚಿಕ್ಕಮ್ಮ ಮಾತ್ರ, "ತಾಳೇ, ಆ ಹೆಸರಿನವರು ಒಬ್ಬರಾದ್ರೂ ಬಂದೇ ಬರ್ತಾರೆ. ಯಾರ ಕಣ್ಣು ತಾನೇ ಮಂಜಾಗಲ್ಲ?" ಎಂದಳು.

ಬಂದರು. ಒಬ್ಬರೇ ಬಂದಿದ್ದ ಅಜ್ಜಿ. ಕೂಗಿದ ಕೂಡಲೇ ಏಳಲಿಲ್ಲವಂತೆ, ಆ ಹೆಸರು ಇನ್ನೊಮ್ಮೆ ಕಿವಿಗೆ ಬೀಳಲಿ ಎಂದು ಕೂತಿದ್ದರಂತೆ. ಅವರಿಗೆ ಹನಿ ಹಾಕಿಸಿದ ಮೇಲೆ ಚಿಕ್ಕಮ್ಮ ಪಕ್ಕದಲ್ಲಿ ಕೂತು ಎಲ್ಲ ಕೇಳಿಕೊಂಡು, ಸಂಜೆ ನೇರವಾಗಿ ನಮ್ಮ ಮನೆಗೆ ಬಂದಳು. ನನ್ನ ತೊಡೆಯ ಮೇಲೆ ಮಗು ಇತ್ತು, ಅತ್ತೆ ಅದರ ಬಟ್ಟೆ ಮಡಿಸುತ್ತಿದ್ದರು.

"ನಿಮ್ಮತ್ತೆ ಹೇಳಿದ್ದೇ ನಿಜ ಕಣೇ," ಎಂದಳು ಚಿಕ್ಕಮ್ಮ. "ಆ ಅಜ್ಜಿ ಐದನೇ ಹೆಣ್ಣಂತೆ. ಅಪ್ಪ ಸಿಟ್ಟಿನಲ್ಲಿ ಇಟ್ಟಿದ್ದಂತೆ."

ನನ್ನ ಕಣ್ಣು ತುಂಬಿ ಬಂತು. ಅತ್ತೆ ಗೆದ್ದವರ ಮುಖ ಮಾಡಲಿಲ್ಲ, ಮಡಿಸುವುದನ್ನು ನಿಲ್ಲಿಸಿದರು.

"ಪೂರ್ತಿ ಕೇಳು. ಅದು ಹಳೇ ಕಾಲದ ಮಾತಂತೆ, ಈಗ ಯಾರೂ ಆಡಲ್ವಂತೆ. ದೊಡ್ಡವಳಾದ ಮೇಲೆ ಯಾರೋ ನೆಂಟರು ನಗ್ತಾ ಅರ್ಥ ಹೇಳಿದ್ರಂತೆ. ಅಲ್ಲೀವರೆಗೂ ಆ ಹೆಸ್ರಿಗೆ ಏನರ್ಥ ಅಂದ್ಕೊಂಡಿದ್ರಿ ಅಂತ ಕೇಳ್ದೆ. ಕಣ್ಣು ಮುಚ್ಕೊಂಡೇ ನಕ್ರು. 'ಅಮ್ಮ ಊಟಕ್ಕೆ ಕರೀತಿದ್ದಾಳೆ ಅಂತ' ಅಂದ್ರು."

ಮಗು ನಿದ್ದೆಯಲ್ಲಿ ತುಟಿ ಚೀಪುತ್ತಿತ್ತು. ಅತ್ತೆ ಮಡಿಸಿದ ಬಟ್ಟೆ ಬದಿಗಿಟ್ಟು ಅದರತ್ತ ಬಾಗಿದರು.

"ಹಾಲು ಕುಡಿಸೋ ಹೊತ್ತಾಯ್ತು," ಎಂದರು. "ಹೆಸ್ರು ಹಿಡಿದು ಕರಿ ಅವಳನ್ನ."

ಕರೆದೆ.

ಮಗಳು ಈಗ ಶಾಲೆಗೆ ಹೋಗುತ್ತಾಳೆ. ಒಂದಲ್ಲ ಒಂದು ದಿನ ಅರ್ಥ ಕೇಳಿಯೇ ಕೇಳುತ್ತಾಳೆ, ಆ ದಿನದ ಭಯ ನನಗೆ ಇದ್ದೇ ಇದೆ. ಅದಕ್ಕೇ ಅಡುಗೆ ಆಗಿರಲಿ, ಆಗದಿರಲಿ, ಹೊತ್ತಿಗೊಮ್ಮೆ ಹೆಸರು ಹಿಡಿದು ಊಟಕ್ಕೆ ಕರೆಯುತ್ತೇನೆ. ಓಡಿ ಬಂದವಳು ಖಾಲಿ ತಟ್ಟೆ ನೋಡಿ ನನ್ನನ್ನು ಬೈಯುತ್ತಾಳೆ. ಬೈಯಲಿ.